ಬಾಯಲ್ಲಿ ಹಿಡಿದ ನೀರು

ಬನವಾಸಿ
೧೨ ಡಿಸೆಂಬರ್ ೧೯೫೭

ತಂಗಿ ಗುರುಶಾಂತವ್ವಗೆ,

ಇಲ್ಲಿ ನಾವಿಬ್ಬರೂ ಇದ್ದೇವೆ. ಕ್ಷೇಮ ಎಂದು ಬರೆಯಲು ಕೈ ಬರಲಿಲ್ಲ. ಯಲ್ಲಾಪುರದಲ್ಲಿ ನೀನೂ ಅಂದಾನಪ್ಪನವರೂ ಚೆನ್ನಾಗಿದ್ದೀರೆಂದು ತಿಳಿದಿದ್ದೇನೆ.

ನಾನು ಕಾಗದ ಬರೆಯುವವಳಲ್ಲ ಎಂದು ನಿನಗೆ ಗೊತ್ತು. ನಾಲ್ಕನೆಯ ಇಯತ್ತೆಯ ಓದು ನನ್ನದು. ಆದರೆ ಆಗಸ್ಟಿನಲ್ಲಿ ವೇದಾ ಜ್ವರದಲ್ಲಿ ಹೋದ ಮೇಲೆ, ಅವಳ ಶಾಲೆಯ ನೋಟುಬುಕ್ಕಿನ ಉಳಿದ ಹಾಳೆಗಳಲ್ಲಿ ದಿನಾ ಎರಡು ಸಾಲು ಬರೆದಿಡುತ್ತಿದ್ದೇನೆ. ಅದರಲ್ಲಿ ಹೆಚ್ಚಿನದೇನೂ ಇಲ್ಲ. ಬೆಳಿಗ್ಗೆಯಿಂದ ಮಧ್ಯಾಹ್ನದ ತನಕ ಹಿತ್ತಲ ಬಾವಿಯಲ್ಲಿ ನನ್ನ ಮಗಳ ಕೂಗು ಎಷ್ಟು ಸಲ ಕೇಳಿತು ಎಂಬುದು, ಅಷ್ಟೇ.

ಕೂಗನ್ನು ಉಳಿಸಿಕೊಳ್ಳುವ ಬಾವಿ ಎಲ್ಲ ಮನೆಗೂ ಸಿಗುವುದಿಲ್ಲ. ಕೋಲಸಿರ್ಸಿಯ ನಮ್ಮ ಅಜ್ಜಿಯ ಮನೆಯ ಬಾವಿ ನಿನಗೆ ನೆನಪಿದೆಯಲ್ಲ. ಅದರೊಳಗೆ ಯಾರೋ ಒಬ್ಬ ಗಂಡಸು "ಗಂಗೀ, ಬಾ" ಎಂದು ಎಮ್ಮೆಯನ್ನು ಕರೆಯುತ್ತಲೇ ಇದ್ದ. ಆ ಮನುಷ್ಯನನ್ನೂ ಆ ಎಮ್ಮೆಯನ್ನೂ ಕಂಡವರು ಒಬ್ಬರೂ ಉಳಿದಿರಲಿಲ್ಲ. ನಮ್ಮದೂ ಹಾಗೆಯೇ. ಗಾಳಿ ಇಲ್ಲದಾಗಲೂ ನೀರಿನ ನಡುವೆ ಉಂಗುರದಷ್ಟು ಒಂದು ಅಲೆ ಏಳುತ್ತದೆ. ಅಗಲವಾಗುತ್ತ ಹೋಗಿ ಕಲ್ಲಿಗೆ ತಾಗುತ್ತದೆ. ತಾಗಿದಾಗ "ಅವ್ವಾ" ಎಂದು ಕೇಳುತ್ತದೆ. ಅವಳದೇ ದನಿ. ನನಗೆ ಉಳಿದಿರುವುದು ಅದೊಂದೇ.

ನೀನು ಮಣ್ಣಿಗೆ ಬರಲಿಲ್ಲ. ಮಳೆಗೆ ರಸ್ತೆ ಕಿತ್ತುಹೋಗಿತ್ತು ಎಂದೆ, ಒಪ್ಪಿದೆ. ಮೂರು ತಿಂಗಳ ಮೇಲೆ, ನವೆಂಬರ್ ೨೪ರಂದು ಬಂದೆ. ಬಂದವಳು ನಿಮ್ಮ ಓಣಿಯ ಕುಬ್ರಾಬಿಯನ್ನೂ ಜೊತೆಗೆ ಕರೆತಂದೆ. ಆಕೆಯ ಮನೆತನದವರು ಬಾವಿ ತೋಡುವವರು, ನೀರಿನ ಗುಣ ಬಲ್ಲವರು ಎಂದು ಆಮೇಲೆ ತಿಳಿಯಿತು. ನಾನು ಒಳಗೆ ಅಕ್ಕಿ ಆರಿಸುತ್ತಿದ್ದೆ. ಕಿಟಕಿಯಲ್ಲಿ ಕಂಡದ್ದು ಇಷ್ಟು: ಆಕೆ ಒಂದು ಬೇವಿನ ಎಲೆಯನ್ನು ಬಾವಿಗೆ ಬಿಟ್ಟು ಬಗ್ಗಿ ನೋಡುತ್ತಿದ್ದಳು. ನೀನು ಪಕ್ಕದಲ್ಲಿ ನಿಂತಿದ್ದೆ. ನಾನು ಹೊರಗೆ ಬಂದಾಗ ಆಕೆ ಸೆರಗು ಸರಿಮಾಡಿಕೊಂಡು "ನೀರು ಚೆನ್ನಾಗಿದೆ ಅಮ್ಮಾ" ಎಂದಳು. ಕುಡಿಯದೆ ಹಾಗೆಂದಳು.

ಅಲೆಗೆ ಎದುರಲೆ ಹಾಕಿದರೆ ಎರಡೂ ಇಲ್ಲದಂತಾಗುತ್ತವೆ, ನೀರು ಸಮವಾಗುತ್ತದೆ ಎಂದು ಹಿರಿಯರು ಹೇಳುವುದನ್ನು ಕೇಳಿದ್ದೇನೆ. ಅದು ಬಲ್ಲವರ ಕೆಲಸವಂತೆ. ನೀವು ಬರುವ ಮೊದಲು ವೇದಾಳ ಕೂಗು ದಿನಕ್ಕೆ ಏಳು ಸಲ ಇತ್ತು. ನೀವು ಹೋದ ಮರುದಿನ ನಾಲ್ಕು. ಈಗ ಮೂರು. ಮೂರನೆಯದರಲ್ಲಿ ಅಲೆಯಷ್ಟೇ, ದನಿ ಇಲ್ಲ.

ನಾನು ಏನೂ ಹೇಳುತ್ತಿಲ್ಲ, ಕೇಳುತ್ತಿದ್ದೇನೆ. ಆ ಎಲೆ ಏನು?

ನಿನ್ನ ಅಕ್ಕ
ಪಾರ್ವತವ್ವ


ಯಲ್ಲಾಪುರ
೨೧ ಡಿಸೆಂಬರ್ ೧೯೫೭

ಅಕ್ಕನಿಗೆ ನಮಸ್ಕಾರ.

ನಿನ್ನ ಕಾಗದವನ್ನು ಒಲೆಯ ಮುಂದೆ ನಿಂತು ಓದಿದೆ. ರೊಟ್ಟಿ ಹೊತ್ತಿತು. ಇವರು ಡಿಪೋದಿಂದ ಬಂದವರು ವಾಸನೆ ಹಿಡಿದು, "ಅಕ್ಕ ಏನ್ ಬರದಾಳ?" ಎಂದು ಕೇಳಿದರು. "ಆರಾಮ ಅದಾರಂತ" ಎಂದೆ. "ಆರಾಮಿದ್ದ ಸುದ್ದಿಗೆ ರೊಟ್ಟಿ ಹೊತ್ತೂದಿಲ್ಲ ಬಿಡು" ಎಂದು ಕೈ ತೊಳೆಯಲು ಹೋದರು.

ಎಲೆ ಏನನ್ನೂ ಮಾಡುವುದಿಲ್ಲ ಅಕ್ಕ. ಅಲೆ ಎಷ್ಟು ಎತ್ತರ ಏಳುತ್ತದೆ ಎಂದು ತಿಳಿಯಲು ಬಿಡುತ್ತಾರೆ. ಎಲೆ ಎಷ್ಟು ಕುಣಿಯುತ್ತದೋ ಕೂಗಿಗೆ ಅಷ್ಟು ಬಲ. ಕುಬ್ರಾಬಿಯನ್ನು ನಾನೇ ಕರೆತಂದೆ. ಅದು ನಿಜ, ಸುಳ್ಳು ಹೇಳುವುದಿಲ್ಲ. ಯಾಕೆ ಕರೆತಂದೆ ಎಂಬುದನ್ನು ಮಾತ್ರ ಕಾಗದದಲ್ಲಿ ಬರೆಯಲಾರೆ. ನೀನು ಒಮ್ಮೆ ಇಲ್ಲಿಗೆ ಬಾ. ಬೆಳಗಿನ ಬಸ್ಸಿಗೆ ಶಿರಸಿಗೆ ಬಂದರೆ ಮಧ್ಯಾಹ್ನ ಯಲ್ಲಾಪುರ ಸೇರಬಹುದು. ವೇದಾ ನಮ್ಮಲ್ಲಿದ್ದು ಶಾಲೆಗೆ ಹೋದ ಎರಡು ವರ್ಷದಲ್ಲಿ ಒಂದು ಸಲವೂ ನೀನು ಬರಲಿಲ್ಲ. ಈಗಲಾದರೂ ಬಾ.

ಒಂದು ಕೆಲಸ ಮಾಡು. ನಿನ್ನ ನೋಟುಬುಕ್ಕಿನಲ್ಲಿರುವ ನವೆಂಬರಿನ ಸಾಲುಗಳನ್ನು ಇದ್ದ ಹಾಗೆಯೇ ನಕಲು ಮಾಡಿ ಕಳಿಸು. ಒಂದನ್ನೂ ಬಿಡಬೇಡ.

ಭಾವನವರಿಗೆ ನಮಸ್ಕಾರ ಹೇಳು.

ನಿನ್ನ ತಂಗಿ
ಗುರುಶಾಂತವ್ವ


ಬನವಾಸಿ
೪ ಜನವರಿ ೧೯೫೮

ಗುರುಶಾಂತವ್ವಗೆ,

ಕಾಗದದಲ್ಲಿ ಬರೆಯಲಾಗದ ಮಾತು ಎಂದರೆ ಎಂಥದು ಎಂದು ಹತ್ತು ದಿನ ಯೋಚಿಸಿದೆ.

ಮೊನ್ನೆ ಪಕ್ಕದ ಮನೆಯ ದೇವಕ್ಕ ಉಪ್ಪು ಕೇಳಲು ಬಂದವಳು ಕಟ್ಟೆಯ ಮೇಲೆ ಕುಳಿತಳು. ಇವರು ಒಳಗೆ ಕುಡುಗೋಲಿಗೆ ಹಿಡಿ ಹಾಕುತ್ತಿದ್ದರು.

"ಪಾರ್ವತವ್ವಾ, ಹೇಳಬಾರದು ಅಂತಿದ್ದೆ. ನಿನ್ನ ತಂಗಿ ಬಾವೀ ಮುಂದ ನಿಂತು ತುಟಿ ಅಲ್ಲಾಡಸ್ತಿದ್ಲು. ನಾ ಕಣ್ಣಾರೆ ಕಂಡೇನಿ."

"ಏನಂದ್ಲು?"

"ದನಿ ಕೇಳಲಿಲ್ಲವ್ವಾ. ಗಲ್ಲ ಎರಡೂ ಉಬ್ಬಿದ್ದವು, ಮಂತ್ರಾ ಹಾಕೋರ ಗತೆ."

ಒಳಗಿನಿಂದ ಇವರು, "ದೇವಕ್ಕಾ, ನಿನಗ ಕಂಡದ್ದಕ್ಕಿಂತ ಕಾಣದ್ದು ಭಾಳ ಚಲೋ ಕಾಣ್ತೈತಿ" ಎಂದರು. ದೇವಕ್ಕ ಉಪ್ಪು ಬಿಟ್ಟು ಎದ್ದುಹೋದಳು. ಸಂಜೆ ಮತ್ತೆ ಬಂದು ಉಪ್ಪು ಒಯ್ದಳು.

ನೀನು ಕೇಳಿದ ಸಾಲುಗಳು ಇಲ್ಲಿವೆ. ಹಿಂದಿನ ದಿನದ್ದೇ ಮತ್ತೆ ಬರೆದಿರುವ ದಿನಗಳನ್ನು ಮಾತ್ರ ಬಿಟ್ಟಿದ್ದೇನೆ.

ನವೆಂಬರ್ ೧೦. ಏಳು ಸಲ. ಹಲ್ಲು ನೋವು.
೧೪. ಏಳು. ಬಾಯಲ್ಲಿ ನೀರು ಹಿಡಿದರೆ ಹಲ್ಲು ಝುಮ್ಮೆನ್ನುತ್ತದೆ. ಇವತ್ತಿನಿಂದ ಬಿಟ್ಟೆ.
೧೫. ಏಳು. ಮನಸ್ಸಿಗೆ ಹಗುರ. ಅವಳು ಅವ್ವಾ ಎಂದರೆ ಹೂಂ ಎನ್ನುತ್ತೇನೆ.
೧೯. ಆರು.
೨೨. ಐದು. ಮೋಡವಿತ್ತು.
೨೪. ಗುರುಶಾಂತವ್ವ ಬಂದಳು. ಎಣಿಸಲಾಗಲಿಲ್ಲ.
೨೫. ನಾಲ್ಕು.

ಸತ್ತವರ ಕೂಗಿರುವ ಬಾವಿಗೆ ವರ್ಷದ ತನಕ ಬಾಯಿ ತುಂಬ ನೀರು ಹಿಡಿದೇ ಹೋಗಬೇಕೆಂದು ನಮ್ಮಲ್ಲಿ ಕಟ್ಟಳೆಯಿದೆ, ನಿನಗೂ ಗೊತ್ತು. ಬಾವಿಯ ಮುಂದೆ ಗೋಳಾಡಬಾರದೆಂದು ಹಿರಿಯರು ಮಾಡಿದ್ದು. ನಾನು ಗೋಳಾಡುವವಳಲ್ಲ, ಆದ್ದರಿಂದ ಬಿಟ್ಟೆ. ಮೋಡಕ್ಕೆ ಐದಾದದ್ದನ್ನು ನೀನು ಹಿಡಿದುಕೊಳ್ಳಬೇಡ. ನಾಲ್ಕಾದದ್ದು ನೀನು ಬಂದ ಮರುದಿನ.

ವೇದಾಳನ್ನು ನನಗೇ ಕೊಟ್ಟುಬಿಡು ಎಂದು ನೀನು ಕೇಳಿದ್ದನ್ನು ಮರೆತಿಲ್ಲ. ಅದಕ್ಕೆ ನಾನು ಕೊಟ್ಟ ಉತ್ತರವನ್ನು ನೀನೂ ಮರೆತಿಲ್ಲ. ಆ ಮಾತಿನ ಸಿಟ್ಟು ನನ್ನ ಮೇಲಿರಲಿ. ಬಾವಿಯ ಮೇಲೆ ಬೇಡ.

ನಿನ್ನೆ ಬಡಗಿಯನ್ನು ಕರೆಸಿ ಬಾವಿಗೆ ಹಲಗೆ ಹೊದಿಸಿ ಬೀಗ ಹಾಕಿಸಿದೆ. ಬೀಗದ ಕೈ ನನ್ನ ಸೊಂಟದಲ್ಲಿದೆ. ಬೆಳಿಗ್ಗೆ ನಾನೊಬ್ಬಳೇ ತೆಗೆದು ನೋಡುತ್ತೇನೆ. ಕುಡಿಯುವ ನೀರನ್ನು ಹೊಳೆಯಿಂದ ತರುತ್ತೇನೆ.

ನಿನ್ನ ಅಕ್ಕ
ಪಾರ್ವತವ್ವ


ಯಲ್ಲಾಪುರ
೧೧ ಜನವರಿ ೧೯೫೮

ಅಕ್ಕಾ,

ಬಾಯಲ್ಲಿ ನೀರಿತ್ತು. ಗಲ್ಲ ಉಬ್ಬದೆ ಇನ್ನೇನಾಗಬೇಕು. ಅವತ್ತು ನಿನ್ನ ಮನೆಯಲ್ಲಿ ಕಟ್ಟಳೆ ಪಾಲಿಸಿದವಳು ನಾನೊಬ್ಬಳೇ. ಬೇಕಾದರೆ ದೇವಕ್ಕನನ್ನು ಕೇಳು, ಆಮೇಲೆ ನಾನು ತೆಂಗಿನ ಬುಡಕ್ಕೆ ಉಗಿದದ್ದನ್ನು ಆಕೆ ಕಂಡೇ ಇರುತ್ತಾಳೆ.

ನೀನು ಇವತ್ತಿನಿಂದಲೇ ಮತ್ತೆ ನೀರು ಹಿಡಿದು ಹೋಗು. ತುಸು ಬೆಚ್ಚಗೆ ಮಾಡಿಕೊ, ಹಲ್ಲಿಗೆ ತಾಗುವುದಿಲ್ಲ. ನನ್ನನ್ನು ನಂಬಬೇಡ, ಅಜ್ಜಿಯ ಮಾತೆಂದು ತಿಳಿದು ಮಾಡು. ಯಾಕೆ ಎಂದು ನೀನು ಬಂದಾಗ ಹೇಳುತ್ತೇನೆ. ಅದನ್ನು ಎದುರಿಗೆ ಕೂತು ಹೇಳಬೇಕು.

ಗುರುಶಾಂತವ್ವ


ಬನವಾಸಿ
೨ ಫೆಬ್ರುವರಿ ೧೯೫೮

ಗುರುಶಾಂತವ್ವಗೆ,

ಇದಕ್ಕೆ ಮೊದಲು ಎರಡು ಕಾಗದ ಬರೆದು ಹರಿದೆ.

ನೀರು ಹಿಡಿದು ಹೋಗು ಎಂದೆಯಲ್ಲ, ಹೋಗಲಿಲ್ಲ. ನೀನು ಹೇಳಿದ್ದನ್ನು ಮಾಡಲು ಮನಸ್ಸು ಒಪ್ಪಲಿಲ್ಲ. ಈಗ ದಿನಕ್ಕೆ ಒಂದು ಅಲೆ. ದನಿ ಇದೆಯೋ ಇಲ್ಲವೋ, ನನಗೇ ತಿಳಿಯುತ್ತಿಲ್ಲ.

ಕುಬ್ರಾಬಿಯ ಮಗ ಗನಿ ನಿನ್ನೆ ಲಾರಿ ತೆಗೆದುಕೊಂಡು ಅಕ್ಕಿ ಚೀಲ ಹೇರಲು ಬಂದಿದ್ದ. ಕೈ ತೊಳೆಯಲು ನೀರು ಕೇಳಿ ಹಿತ್ತಲಿಗೆ ಬಂದವನು ಬೀಗ ನೋಡಿ ನಕ್ಕ.

"ನಿಮ್ಮ ತಂಗೀ ಬಾವೀಗೂ ಹಲಗಿ, ನಿಮ್ಮ ಬಾವೀಗೂ ಹಲಗಿ. ಏನ್ರೀ ಅವ್ವಾರ, ನೀರಿಗೂ ಕಳ್ಳರು ಹುಟ್ಟ್ಯಾರೇನು?"

"ಅವಳ ಬಾವಿಗೆ ಯಾಕಪ್ಪಾ ಹಲಗಿ?"

"ಅದರಾಗ ಹುಡುಗೀ ದನಿ ಐತಲ್ರೀ. ಅವ್ವಾ ಅಂತೈತಿ. ನಿಮ್ಮ ವೇದಾಂದೇ. ಗೊತ್ತಿಲ್ಲೇನ್ರಿ ನಿಮಗ?"

ಆಮೇಲೆ ನನ್ನ ಮುಖ ನೋಡಿದ. "ನಾ ಏನೂ ಅಂದಿಲ್ರೀ" ಎಂದು ಕೈ ತೊಳೆಯದೆ ಹೋಗಿ, ಏನೂ ಆಗದ ಗಾಲಿಯನ್ನು ಕುಟ್ಟಿ ಕುಟ್ಟಿ ನೋಡುತ್ತ ನಿಂತ.

ಇನ್ನು ಏನು ಕೇಳುವುದಿದೆ? ನನ್ನಲ್ಲಿ ಕಡಿಮೆಯಾದದ್ದು ಎಲ್ಲಿಗೆ ಹೋಯಿತೆಂದು ತಿಳಿಯಿತು. ಹೇಗೆ ಒಯ್ದಿರೋ ನೀವೇ ಬಲ್ಲಿರಿ. ಇದಕ್ಕೇ ಆ ಎಲೆ, ಇದಕ್ಕೇ ನೀರು ಬಲ್ಲ ಹೆಂಗಸು, ಇದಕ್ಕೇ ಕಾಗದದಲ್ಲಿ ಬರೆಯಲಾಗದ ಮಾತು.

ಹೋದ ವರ್ಷದ ಬೇಸಿಗೆಯಲ್ಲಿ ನಮ್ಮ ಓಣಿಗೆ ಬಂದ ಸೀರೆ ಮಾರುವವನೊಬ್ಬ, ಯಲ್ಲಾಪುರದಲ್ಲಿ ನಿಮ್ಮ ಹುಡುಗಿ ಚಿಕ್ಕವ್ವನನ್ನೇ ಅವ್ವಾ ಎನ್ನುತ್ತಾಳೆ, ಹಿತ್ತಲಲ್ಲಿ ಕರೆಯುವುದನ್ನು ಕೇಳಿದ್ದೇನೆ ಎಂದಿದ್ದ. ಅದಕ್ಕೇ ರಜೆಗೆ ಬಂದ ವೇದಾಳನ್ನು ಜೂನಿನಲ್ಲಿ ಮರಳಿ ಕಳಿಸಲಿಲ್ಲ. ಕಾರಣ ಅವಳಿಗೂ ಹೇಳಲಿಲ್ಲ, ನಿನಗೂ ಹೇಳಲಿಲ್ಲ. ಬದುಕಿದ್ದಾಗ ಅವಳ ಬಾಯಲ್ಲಿ ಅವ್ವಾ ಎನಿಸಿಕೊಂಡದ್ದು ಸಾಲದೆ, ಸತ್ತ ಮೇಲೂ ಬೇಕಾಯಿತೇ ನಿನಗೆ? ಅವಳನ್ನು ಕೊಡು ಎಂದು ನೀನು ಕೇಳಿದ ದಿನ ನಾನು ನಿನಗೆ ಬಂಜೆ ಎಂದದ್ದಕ್ಕೆ ಆಮೇಲೆ ಎಷ್ಟೋ ಸಲ ನಾಲಿಗೆ ಕಚ್ಚಿಕೊಂಡಿದ್ದೆ. ಇನ್ನು ಕಚ್ಚಿಕೊಳ್ಳುವುದಿಲ್ಲ.

ನಿನ್ನಿಂದ ನನಗೆ ಕಾಗದ ಬೇಡ. ದನಿ ಬೇಕು.

ಪಾರ್ವತವ್ವ


ಯಲ್ಲಾಪುರ
೧೬ ಫೆಬ್ರುವರಿ ೧೯೫೮

ಅಕ್ಕಾ,

ಕಾಗದ ಬೇಡ ಎಂದರೂ ಬರೆಯುತ್ತಿದ್ದೇನೆ. ಎದುರಿಗೆ ಹೇಳಬೇಕೆಂದಿದ್ದೆ. ನೀನು ಬರುವಂತೆ ಕಾಣುವುದಿಲ್ಲ.

ಗನಿ ಹೇಳಿದ್ದು ನಿಜ. ನಮ್ಮ ಬಾವಿಯಲ್ಲಿ ವೇದಾಳ ಕೂಗಿದೆ. ಆದರೆ ಅದು ನಿನ್ನ ಬಾವಿಯದಲ್ಲ. ೧೯೫೫ರ ಜೂನಿನಿಂದ ಇದೆ. ಅವಳು ಇಲ್ಲಿಗೆ ಬಂದ ಮೊದಲ ವಾರ, ಒಂದು ಸಂಜೆ ಶಾಲೆಯಿಂದ ಬಂದವಳು ಬಾವಿಯ ಕಟ್ಟೆಗೆ ಒರಗಿ ನಿಂತಿದ್ದಳು. ನಾನು ಒಳಗೆ ಹಿಟ್ಟು ನಾದುತ್ತಿದ್ದೆ. "ಅವ್ವಾ, ಉಂಡ್ಯಾ?" ಎಂದಳು. ಹೊರಗೆ ಬಂದು ನೋಡಿದೆ. ಅವಳ ಮುಖ ನನ್ನ ಕಡೆ ಇರಲಿಲ್ಲ. ಬನವಾಸಿಯ ದಿಕ್ಕು ಯಾವುದೆಂದು ಬೆಳಿಗ್ಗೆ ಇವರನ್ನು ಕೇಳಿ ತಿಳಿದುಕೊಂಡಿದ್ದಳು, ಆ ಕಡೆ ಇತ್ತು. ಕರೆದದ್ದು ನನ್ನನ್ನಲ್ಲವಾದ್ದರಿಂದ ನಾನು ಸುಮ್ಮನೆ ಒಳಗೆ ಹೋದೆ. ಮರುದಿನ ಬಾವಿ ಅದೇ ಮಾತನ್ನು ಹೇಳಿತು.

ಸೀರೆಯವನು ಕೇಳಿದ್ದು ಅದನ್ನೇ ಇರಬೇಕು. ವೇದಾ ನನ್ನನ್ನು ಒಂದು ದಿನವೂ ಚಿಕ್ಕವ್ವ ಎನ್ನದೆ ಬೇರೆ ಕರೆದವಳಲ್ಲ.

ಬಾವಿ ಹಾಗೆ ಹೇಳತೊಡಗಿದಾಗ ಕುಬ್ರಾಬಿ ಬಂದು ನೋಡಿ ಹೇಳಿದ್ದನ್ನು ಆಕೆಯ ಮಾತಿನಲ್ಲೇ ಬರೆಯುತ್ತೇನೆ. "ನೋಡು ಬೇಟಿ, ಕರೆಯೋದು ಅಂದ್ರೆ ನೀರು ಉಬ್ಬೋದು. ಓ ಅನ್ನೋದು ಅಂದ್ರೆ ತಗ್ಗೋದು. ಉಬ್ಬಿಗೆ ತಗ್ಗು ಕೂಡಿದ್ರೆ ಸಮ ಆಯ್ತು, ಮುಗೀತು. ಯಾರೂ ಓ ಅನ್ನದೇ ಇದ್ದ ಕರೆ ಇದೆಯಲ್ಲ, ಅದೊಂದೇ ಬಾವಿಯಲ್ಲಿ ಉಳೀತದೆ. ಮಾತಿಗೆ ತಕ್ಕ ಜವಾಬು ಕೊಟ್ರೆ ಒಂದೇ ಸಲಕ್ಕೆ ಸಮ. ಬರೀ ಹೂಂ ಹೂಂ ಅಂತಿದ್ರೆ ದಿನಾ ಸ್ವಲ್ಪ ಸವೀತದೆ. ಯಾರು ಅಂದ್ರು ಅಂತ ನೀರು ಕೇಳೋದಿಲ್ಲ." ಬಾಯಲ್ಲಿ ನೀರು ಹಿಡಿಯುವುದು ಅದಕ್ಕೇ ಅಕ್ಕ. ಗೋಳಾಡಬಾರದು ಎಂದಲ್ಲ, ಮರೆತೂ ಓಗೊಡಬಾರದು ಎಂದು.

ವೇದಾಗೆ ಇದನ್ನು ಹೇಳಿದೆ. ನಕ್ಕಳು. "ಇರ್ಲಿ ಬಿಡು ಚಿಕ್ಕವ್ವಾ, ಅವ್ವ ಬಂದಾಗ ಅಕೀನ ಹೇಳ್ಲಿ" ಎಂದಳು. ನೀನು ಬರಲಿಲ್ಲ. ನಾನು ಹಲಗೆ ಹೊದಿಸಿದೆ, ನೀರು ಸೇದುವಾಗಲೆಲ್ಲ ಬಾಯಿ ತುಂಬಿಕೊಂಡು ಹೋದೆ. ಎರಡೂವರೆ ವರ್ಷ ದಾಟಿತು. ಬಾವಿಯೊಳಗಿಂದ ಅವ್ವಾ ಎಂದು ಕರೆದಾಗ ಹೂಂ ಎನ್ನಬೇಕೆಂದು ನನಗೂ ಆಸೆಯಾಗುತ್ತಿತ್ತು. ನೀನು ಹೇಳಿದ ಆ ಹೆಸರಿನವಳಿಗೆ ಆಗದೆ ಇರುತ್ತದೆಯೇ? ಅನ್ನಲಿಲ್ಲ.

ನಿನ್ನ ಬಾವಿಯಲ್ಲೂ ಕೂಗಿದೆ ಎಂದು, ಲಾರಿಯಲ್ಲಿ ನಿಮ್ಮೂರಿಗೆ ಬಂದು ಹೋಗುವ ಗನಿಯಿಂದ ತಿಳಿದಾಗ, ಇಲ್ಲಿಯದನ್ನು ನಿನಗೆ ಹೇಗೆ ಹೇಳುವುದೆಂದು ತೋಚದೆ ಕುಬ್ರಾಬಿಯನ್ನು ಕರೆದುಕೊಂಡು ಬಂದೆ. ಎಲೆ ಕುಣಿಯಲಿಲ್ಲ, ತುಸು ಅಲುಗಾಡಿತು ಅಷ್ಟೇ. ಬಸ್ಸಿನಲ್ಲಿ ಆಕೆ, "ನಿನ್ನ ಅಕ್ಕ ಓಗೊಡ್ತಾ ಇದಾಳೆ, ಆಕೆಗೇ ಗೊತ್ತಿಲ್ಲ" ಎಂದಳು. ಮಗಳನ್ನು ಕಳೆದುಕೊಂಡವಳಿಗೆ, ಅವಳ ದನಿಯನ್ನು ನೀನೇ ಸವೆಸುತ್ತಿದ್ದೀ ಎಂದು ನಾನು ಯಾವ ಬಾಯಿಂದ ಹೇಳಲಿ?

ನಿನ್ನ ನೋಟುಬುಕ್ಕನ್ನು ನೀನೇ ಇನ್ನೊಮ್ಮೆ ಓದು. ನೀರು ಬಿಟ್ಟದ್ದು ೧೪ಕ್ಕೆ. ಹೂಂ ಎಂದದ್ದು ೧೫ಕ್ಕೆ. ಆರಾದದ್ದು ೧೯ಕ್ಕೆ. ನಾನು ಬಂದದ್ದು ೨೪ಕ್ಕೆ.

ಅವಳ ಕರೆ ನಿನ್ನ ಬಾವಿಯಲ್ಲಿ ಯಾಕೆ ಉಳಿದಿತ್ತು ಎಂದು ನಾನು ಕೇಳುವುದಿಲ್ಲ. ನವೆಂಬರಿನಲ್ಲಿ ನಿನ್ನ ಬಾವಿಯ ಮುಂದೆ ನಿಂತಾಗ ಪೂರ್ತಿ ಮಾತು ನನಗೂ ಕೇಳಿಸಿತ್ತು.

ಗುರುಶಾಂತವ್ವ


ಬನವಾಸಿ
೨೦ ಏಪ್ರಿಲ್ ೧೯೫೮

ತಂಗಿ ಗುರುಶಾಂತವ್ವಗೆ,

ಎರಡು ತಿಂಗಳು ಉತ್ತರ ಬರೆಯಲಿಲ್ಲ. ನಿನ್ನ ಮಾತನ್ನು ನಾನು ನಂಬಲಿಲ್ಲ. ನೀನೂ ಕುಬ್ರಾಬಿಯೂ ಕೂಡಿ ಒಂದು ನಿಯಮ ಕಟ್ಟಿದ್ದೀರಿ, ತಪ್ಪನ್ನು ನನ್ನ ತಲೆಗೆ ಹೊರಿಸುತ್ತಿದ್ದೀರಿ ಎಂದುಕೊಂಡೆ. ಯಲ್ಲಾಪುರಕ್ಕೆ ಕರೆಸಿ ನನ್ನ ಬಾಯಿಂದಲೇ ಉಳಿದದ್ದನ್ನೂ ಅಳಿಸುವ ಉಪಾಯವೇನೋ ಎಂದೂ ಅನಿಸಿತು. ಮುಚ್ಚಿಡುವುದು ಯಾಕೆ.

ಅದಕ್ಕೆ ಕಳೆದ ತಿಂಗಳು ಸಿದ್ದಾಪುರದ ಬಸ್ಸು ಹತ್ತಿ ಕೋಲಸಿರ್ಸಿಗೆ ಹೋದೆ. ಅಜ್ಜಿಯ ಮನೆಯಲ್ಲಿ ಈಗ ನಮ್ಮ ಸೋದರಮಾವನ ಮಗ ಮಂಜ ಇದ್ದಾನಲ್ಲ. ಯಾಕೆ ಬಂದೆ ಎಂದು ಹೇಳದೆ ನೆಟ್ಟಗೆ ಬಾವಿಗೆ ಹೋದೆ. ಸ್ವಲ್ಪ ಹೊತ್ತಿಗೆ ಉಂಗುರ ಎದ್ದಿತು. "ಗಂಗೀ, ಬಾ" ಎಂದ ಆ ಮನುಷ್ಯ. ಸೆರಗು ಸೊಂಟಕ್ಕೆ ಸಿಕ್ಕಿಸಿ, ಬಾವಿಯೊಳಗೆ ಬಗ್ಗಿ, ಎಮ್ಮೆಯ ಹಾಗೆ ಕೂಗಿದೆ. ನಲವತ್ತೊಂದು ವರ್ಷದ ಹೆಂಗಸು ನಾನು.

ಮಂಜ ಓಡಿಬಂದ. "ಎಂತ ಆತೇ ನಿಂಗೆ? ಹಾಲು ಕೊಡು ಅಂದಿದ್ವಾ ನಾವು?" ಎಂದ. ಇಬ್ಬರೂ ಸಂಜೆಯವರೆಗೆ ಕಟ್ಟೆಯ ಮೇಲೆ ಕುಳಿತೆವು. ನೀರು ಅಲುಗಲಿಲ್ಲ. ಅರವತ್ತು ವರ್ಷ ಕರೆದವನು ಮತ್ತೆ ಕರೆಯಲಿಲ್ಲ. ಮಂಜನ ನಗು ಇಳಿಯಿತು. "ನಮ್ಮನೆ ಎಮ್ಮೆ ಹೊಡ್ಕಂಡು ಹೋದೆ ಬಿಡು" ಎಂದು ಎದ್ದು ದೀಪ ಹಚ್ಚಲು ಹೋದ.

ಮನೆಗೆ ಬಂದು ಬೀಗ ತೆಗೆದೆ. ನೀರು ಬೆಚ್ಚಗೆ ಮಾಡಿ ಬಾಯಿ ತುಂಬಿಕೊಂಡು ಒಂಬತ್ತು ದಿನ ನಿಂತೆ. ಏನೂ ಇಲ್ಲ. ನೋಟುಬುಕ್ಕಿನಲ್ಲಿ ಒಂಬತ್ತು ಸೊನ್ನೆ ಬರೆದಿದ್ದೇನೆ.

ನೀನು ಕೇಳುವುದಿಲ್ಲ ಎಂದದ್ದನ್ನು ನಾನೇ ಹೇಳುತ್ತೇನೆ. "ಅವ್ವಾ, ಹಗ್ಗ ಜಾರಾಕತ್ತೈತಿ." ಪೂರ್ತಿ ಮಾತು ಇದು. ನಿನಗೆ ಬರೆದಾಗಲೆಲ್ಲ ಅವ್ವಾ ಎಂಬುದೊಂದನ್ನೇ ಬರೆದೆ. ಜುಲೈನ ಮಾತು. ಮರಳಿ ಯಲ್ಲಾಪುರಕ್ಕೆ ಹೋಗುತ್ತೇನೆ, ಪರೀಕ್ಷೆಗೆ ಕೂರಬೇಕು ಎಂದು ಹಟ ಹಿಡಿದಿದ್ದಳು. ನಾನು ಎರಡು ದಿನ ಅವಳೊಡನೆ ಮಾತು ಬಿಟ್ಟಿದ್ದೆ. ಮೂರನೆಯ ದಿನ ಬೆಳಿಗ್ಗೆ ಬಾವಿಯಿಂದ ಕರೆದಳು. ನಾನು ಐದು ಮಾರು ದೂರದಲ್ಲಿ ಕಾಳು ಬೀಸುತ್ತಿದ್ದೆ. ಕೇಳಿಸಿತು. ಕಲ್ಲು ನಿಲ್ಲಿಸಲಿಲ್ಲ. ಹಗ್ಗ ಜಾರಿ ಅಂಗೈ ಸುಲಿದಿತ್ತು, ಸಂಜೆ ಇವರು ಎಣ್ಣೆ ಹಚ್ಚಿದರು. ತಿಂಗಳೊಳಗೆ ಜ್ವರ ಬಂತು. ಜ್ವರಕ್ಕೂ ಹಗ್ಗಕ್ಕೂ ಸಂಬಂಧವಿಲ್ಲ ಎಂದು ಡಾಕ್ಟರು ಹೇಳಿದ್ದಾರೆ.

ಆ ಕೂಗನ್ನು ನಾನು ಮಗಳ ಪ್ರೀತಿ ಎಂದು ಎಣಿಸುತ್ತ ಕುಳಿತಿದ್ದೆ.

ನಿನ್ನ ಮೇಲೆ ನನಗೆ ಇದ್ದದ್ದು ಒಂದು ದಿನದ ಅನುಮಾನವಲ್ಲ. ಪೂರ್ತಿ ಹೋಗಿದೆ ಎಂದರೆ ಸುಳ್ಳಾಗುತ್ತದೆ, ಹೊತ್ತು ಹಿಡಿಯುತ್ತದೆ. ಆದರೂ ಬರುತ್ತೇನೆ. ಹಲಗೆ ತೆಗೆಯಬೇಡ.

ನಿನ್ನ ಅಕ್ಕ
ಪಾರ್ವತವ್ವ


ಯಲ್ಲಾಪುರ
೫ ಮೇ ೧೯೫೮

ನಮ್ಮ ಮನೆಯವರಿಗೆ ನಮಸ್ಕಾರ.

ಶನಿವಾರ ಸುಖವಾಗಿ ಬಂದು ಸೇರಿದೆ. ಬುಟ್ಟಿಯಲ್ಲಿ ನೀವು ಇಟ್ಟ ಮಾವಿನಕಾಯಿ ಎರಡು ಒಡೆದಿವೆ, ಉಳಿದವು ಚೆನ್ನಾಗಿವೆ.

ಗುರುಶಾಂತವ್ವ ಬಸ್ಸಿನ ಹತ್ತಿರ ಬಂದಿದ್ದಳು. ಮನೆಗೆ ಬಂದು, ಕೈಕಾಲು ತೊಳೆದ ಮೇಲೆ, ನನ್ನ ಕೈಗೆ ಒಂದು ಚೊಂಬು ಕೊಟ್ಟಳು. ನೀರು ಬೆಚ್ಚಗಿತ್ತು. ಹಲ್ಲಿನ ಸಂಗತಿಯನ್ನು ಮರೆತಿರಲಿಲ್ಲ. ಆಮೇಲೆ ಹಲಗೆ ಸರಿಸಿ ತಾನು ಒಳಗೆ ಹೋದಳು. ನಾನು ನಿಂತೆ. ನಿಂತಾಗಲೂ, ಇಲ್ಲಿ ಏನೂ ಇಲ್ಲದಿದ್ದರೆ, ಇವಳೇ ಓಗೊಟ್ಟು ಮುಗಿಸಿದ್ದರೆ ಎಂದು ಮನಸ್ಸು ಕುಟುಕುತ್ತಿತ್ತು.

ಉಂಗುರ ನಮ್ಮಲ್ಲಿಗಿಂತ ದೊಡ್ಡದು. ಕಲ್ಲಿಗೆ ತಾಗಿ ನೀರು ಸದ್ದು ಮಾಡಿತು. "ಅವ್ವಾ, ಉಂಡ್ಯಾ?" ಎಂದಳು. ಹದಿನಾಲ್ಕು ವರ್ಷದವಳ ದನಿ, ಇನ್ನೂ ತುಸು ಕೀರಲು. ನಿಮಗೆ ನೆನಪಿರಬಹುದು, ಆಗ ಅವಳು ಹಾಗೆಯೇ ಮಾತಾಡುತ್ತಿದ್ದಳು. ಒಂದಿಷ್ಟೂ ಸವೆದಿಲ್ಲ. ಇಷ್ಟು ದಿನ ಇವಳು ಅದನ್ನು ಹೇಗೆ ಕಾಯ್ದಳೆಂದು ನನಗೆ ಈಗ ಗೊತ್ತಾಯಿತು.

ಬಸ್ಸು ಹತ್ತಿಸುವಾಗ ನೀವು, "ಅದರಾಗ ನನ್ನ ಹೆಸರಿಲ್ಲ, ನೀ ಹೆಂಗ ಮಾಡ್ತೀ ಮಾಡು. ನನ್ನ ಪರವಾಗಿ ಒಂದ್ಸಲ ಕೇಳು" ಎಂದಿರಿ. ಅದಕ್ಕೆ ಎರಡನೆಯ ಸಲ ನಿಮ್ಮ ಪರವಾಗಿ ಕೇಳಿದೆ. ಭಾನುವಾರವೂ ಬಾಯಲ್ಲಿ ನೀರು ಹಿಡಿದೇ ನಿಂತೆ. ಹೀಗೇ ಇಟ್ಟುಕೊಳ್ಳಬಹುದು ಎಂದು ಆಸೆಯಾಯಿತು, ಸುಳ್ಳು ಹೇಳುವುದಿಲ್ಲ. ವರ್ಷಕ್ಕೊಮ್ಮೆ ಬಂದು ಕೇಳಿ ಹೋಗಬಹುದು. ಆದರೆ ಹಗ್ಗದ ಮಾತು ನೆನಪಾಯಿತು. ಅದನ್ನೂ ಕೇಳಿಸಿಕೊಂಡು ಸುಮ್ಮನೆ ಕುಳಿತಿದ್ದವಳಲ್ಲವೇ ನಾನು.

ಇವತ್ತು ಬೆಳಿಗ್ಗೆ ಗುರುಶಾಂತವ್ವನಿಗೆ, ರೊಟ್ಟಿ ಬಡಿ, ಇಬ್ಬರೂ ಉಣ್ಣೋಣ ಎಂದೆ. ಆಗಸ್ಟಿನಿಂದ ಈಚೆ ನಾನು ಹೊಟ್ಟೆ ತುಂಬ ಉಂಡಿಲ್ಲ ಎಂಬುದು ನಿಮಗೆ ಗೊತ್ತು, ಹೇಳಿ ಹೇಳಿ ಬಿಟ್ಟಿದ್ದೀರಿ. ಅವಳು ಎರಡು ಹಾಕಿದಳು. "ಇನ್ನೊಂದು ಹಾಕು" ಎಂದೆ. ಅವಳು ನನ್ನ ಮುಖ ನೋಡಿ, ಏನು ತಿಳಿಯಿತೋ, ತನ್ನ ತಾಟನ್ನೂ ತಂದು ನನ್ನ ಪಕ್ಕದಲ್ಲಿ ಕುಳಿತಳು. ಅವಳಿಗೆ ಅಂದಿದ್ದ ಆ ಮಾತಿಗೆ ಅಲ್ಲಿಯೇ ತಪ್ಪಾಯಿತು ಎಂದೆ. "ಉಣ್ಣು ಅಕ್ಕ, ಪಲ್ಯ ಆರತೈತಿ" ಎಂದಳು. ಮೂರು ರೊಟ್ಟಿ ಉಂಡೆ.

ಆಮೇಲೆ ಇಬ್ಬರೂ ಬಾವಿಗೆ ಹೋದೆವು. ಅವಳು ಅಭ್ಯಾಸಕ್ಕೆ ಬಾಯಿ ತುಂಬಿಕೊಂಡಳು. ನಾನೂ ತುಂಬಿಕೊಂಡೆ. ಉಂಗುರ ಎದ್ದಿತು. ವೇದಾ ಕೇಳಿದಳು. ಬಾಯಲ್ಲಿದ್ದ ನೀರನ್ನು ನುಂಗಿ, "ಉಂಡೆ ವೇದಾ" ಎಂದೆ.

ಅಲೆ ಅರ್ಧ ದಾರಿಯಲ್ಲಿ ನಿಂತಿತು. ಹಾಗೆ ನಿಲ್ಲುವುದನ್ನು ನಾನು ಕಂಡಿರಲಿಲ್ಲ. ನಿಂತು, ಮೆಲ್ಲಗೆ ಇಳಿದು, ಸಮವಾಯಿತು. ಗುರುಶಾಂತವ್ವ ಇನ್ನೂ ಬಾಯಿ ತುಂಬಿಕೊಂಡೇ ನಿಂತಿದ್ದಳು. ಸಾಕು ನುಂಗು ಎಂದು ನಾನೇ ಹೇಳಬೇಕಾಯಿತು. ಮಧ್ಯಾಹ್ನ ಇಬ್ಬರೂ ಸೇರಿ ಆ ಹಲಗೆಯನ್ನು ಒಲೆಗೆ ಸೀಳಿ ಹಾಕಿದೆವು.

ಗುರುವಾರದ ಬಸ್ಸಿಗೆ ಬರುತ್ತೇನೆ. ಅವಳೂ ಬರುತ್ತಾಳೆ, ಎಂಟು ದಿನ ಇರುತ್ತಾಳೆ. ಬೀಗದ ಕೈಯನ್ನು ದೇವರ ಗೂಡಿನಲ್ಲಿ ಇಟ್ಟು ಬಂದಿದ್ದೇನೆ. ನಮ್ಮ ಬಾವಿಯ ಹಲಗೆ ತೆಗೆಸಿರಿ. ಹೊಳೆಯಿಂದ ನೀರು ಹೊತ್ತದ್ದು ಸಾಕು. ಆ ಹಗ್ಗ ಸವೆದು ನುಣ್ಣಗಾಗಿದೆ, ಕೈಯಲ್ಲಿ ನಿಲ್ಲುವುದಿಲ್ಲ. ಸಂತೆಯಿಂದ ಒಳ್ಳೆಯ ನಾರಿನದು ಹೊಸದು ತನ್ನಿ.

ನಿಮ್ಮ
ಪಾರ್ವತವ್ವ